ಫೋನಿನ ಪಕ್ಕದಲ್ಲೇ ಕೂತವನು

ಕೇಳುಗರೇ, ನಮಸ್ಕಾರ.

ಒಂದು ಹಳೇ ಚರ್ಚು. ಅಲ್ಲಿ ಮೌನವ್ರತ ಹಿಡಿದ ಸನ್ಯಾಸಿಗಳು ಇದ್ದರಂತೆ. ಒಂದು ದಿನ ಬೆಂಕಿ ಬಿತ್ತು. ಯಾರಾದರೂ ಒಬ್ಬರು ‘ಬೆಂಕಿ’ ಅಂತ ಕೂಗಿದ್ದರೆ ಸಾಕಿತ್ತು. ಆದರೆ ವ್ರತ ಮುರಿಯೋದು ಯಾರು? ಒಬ್ಬರೂ ಬಾಯಿ ಬಿಡಲಿಲ್ಲ. ಸುಟ್ಟು ಕರಕಲಾದ ಆ ಚರ್ಚಿನಲ್ಲಿ ಈಗ ಒಬ್ಬ ಬೋಳುತಲೆಯ ಮನುಷ್ಯ ಒಬ್ಬನೇ ವಾಸವಾಗಿದ್ದಾನೆ. ಹುಬ್ಬಿನಲ್ಲೂ ಕೂದಲಿಲ್ಲ. ಗೋಡೆಯಲ್ಲಿ ದೊಡ್ಡ ಶಿಲುಬೆ ಇದೆ, ಏಸುವಿನ ತಲೆ ಇರಬೇಕಾದ ಜಾಗದಲ್ಲಿ ಕಣ್ಗಾವಲು ಕ್ಯಾಮೆರಾ ಇದೆ. ಇವನು ಒಂದು ಫೋನ್ ಕರೆಗಾಗಿ ಕಾಯುತ್ತಿದ್ದಾನೆ. ಆ ಕರೆ ಬಂದರೆ, ತಾನು ಯಾಕೆ ಬದುಕಿದ್ದೇನೆ ಅನ್ನೋದು ಗೊತ್ತಾಗುತ್ತದೆ ಅಂತ ನಂಬಿದ್ದಾನೆ.

ಸಿನಿಮಾದ ಹೆಸರು ‘ದಿ ಜೀರೋ ಥಿಯರಮ್’. ನಿರ್ದೇಶಕ ಟೆರ್ರಿ ಗಿಲಿಯಂ. 2013ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಮೊದಲು ತೋರಿಸಿದರು. ಕಥಾನಾಯಕ ಕೊಹೆನ್ ಲೆತ್ ಆಗಿ ನಟಿಸಿದವರು ಕ್ರಿಸ್ಟಾಫ್ ವಾಲ್ಟ್ಸ್. ಕಥೆ ಬರೆದವರು ಪ್ಯಾಟ್ ರಷಿನ್, ಅಮೆರಿಕದ ಫ್ಲಾರಿಡಾದಲ್ಲಿ ಸಾಹಿತ್ಯ ರಚನೆ ಕಲಿಸುವ ಮೇಷ್ಟ್ರು. ಬೈಬಲ್ಲಿನ ಪ್ರಸಂಗಿ ಅನ್ನೋ ಪುಸ್ತಕ ಇದೆಯಲ್ಲ, ಎಲ್ಲವೂ ವ್ಯರ್ಥ ಅಂತ ಶುರುವಾಗುತ್ತದೆ, ಅದರ ನೆರಳು ಕಥೆಯ ಮೇಲೆ ಬಿದ್ದಿದೆ. ನಾಯಕನ ಹೆಸರೂ ಅಲ್ಲಿಂದಲೇ ಬಂದದ್ದು.

ಗಿಲಿಯಂ ಅವರಿಗೆ ಈ ಪ್ರಶ್ನೆ ಹೊಸದಲ್ಲ. ಅವರು ಮಾಂಟಿ ಪೈಥಾನ್ ಹಾಸ್ಯ ತಂಡದವರು. ಆ ತಂಡ 1983ರಲ್ಲಿ ‘ದಿ ಮೀನಿಂಗ್ ಆಫ್ ಲೈಫ್’ ಅಂತಲೇ ಒಂದು ಸಿನಿಮಾ ಮಾಡಿತ್ತು. ಅದರ ಕೊನೆಯಲ್ಲಿ ಒಂದು ಲಕೋಟೆ ಒಡೆದು ಬದುಕಿನ ಅರ್ಥವನ್ನು ಓದಿ ಹೇಳುತ್ತಾರೆ. ಜನರ ಜೊತೆ ಚೆನ್ನಾಗಿರಿ, ಜಿಡ್ಡು ಕಡಿಮೆ ತಿನ್ನಿ, ಆಗಾಗ ಒಳ್ಳೇ ಪುಸ್ತಕ ಓದಿ, ಸ್ವಲ್ಪ ನಡೆದಾಡಿ. ಇಷ್ಟೇ! ನಗಿಸೋದಕ್ಕೆ ಬರೆದದ್ದು ಅದು. 30 ವರ್ಷ ಆದಮೇಲೆ ಅದೇ ಪ್ರಶ್ನೆ ಹಿಡಿದು ಬಂದಾಗ ನಗು ಇದೆ, ಆದರೆ ಲಕೋಟೆ ಇಲ್ಲ.

ಇನ್ನು ಕೊಹೆನ್ ಮಾಡುವ ಕೆಲಸ ನೋಡಿ. ಮ್ಯಾನ್‌ಕಾಮ್ ಅನ್ನೋ ದೈತ್ಯ ಕಂಪನಿಯಲ್ಲಿ ಅವನಿಗೆ ನೌಕರಿ. ಎದುರಿಗೆ ಪರದೆ, ಕೈಯಲ್ಲಿ ಹಿಡಿ, ಕಾಲಡಿ ಪೆಡಲ್. ಪೆಡಲ್ ತುಳಿಯುತ್ತಾ ಲೆಕ್ಕ ಬಿಡಿಸುತ್ತಾನೆ. ಬಿಡಿಸಿದ ಲೆಕ್ಕ ಬಣ್ಣಬಣ್ಣದ ದ್ರವವಾಗಿ ಗಾಜಿನ ಕೊಳವೆಯಲ್ಲಿ ಬರುತ್ತದೆ. ಒಳಗೆ ಏನಿದೆ ಅಂತ ಅವನಿಗೂ ಗೊತ್ತಿಲ್ಲ, ನಮಗೂ ಗೊತ್ತಾಗೋದಿಲ್ಲ. ಅವನು ‘ನಾನು’ ಅನ್ನೋದಿಲ್ಲ, ‘ನಾವು’ ಅನ್ನುತ್ತಾನೆ. ನಾವು ಸಾಯುತ್ತಿದ್ದೇವೆ, ಮನೆಯಿಂದಲೇ ಕೆಲಸ ಮಾಡಲು ಬಿಡಿ ಅಂತ ಬೇಡುತ್ತಾನೆ. ಮೂವರು ಡಾಕ್ಟರುಗಳು ಪರೀಕ್ಷೆ ಮಾಡಿ, ನಿನಗೇನೂ ಆಗಿಲ್ಲ, ಹೋಗಪ್ಪ ಅನ್ನುತ್ತಾರೆ. ಮನೆಯಲ್ಲಿರಬೇಕು ಅನ್ನೋ ಹಟಕ್ಕೆ ಕಾರಣ ಒಂದೇ. ಫೋನ್ ಅಲ್ಲೇ ಇದೆ. ಹಿಂದೆ ಒಮ್ಮೆ ಆ ಕರೆ ಬಂದಿತ್ತಂತೆ. ಎತ್ತಿದ, ಗಡಿಬಿಡಿಯಲ್ಲಿ ಲೈನ್ ಕಟ್ಟಾಯಿತು. ಮತ್ತೆ ಬರುತ್ತದೆ ಅಂತ ಅಂದಿನಿಂದ ಕಾಯುತ್ತಿದ್ದಾನೆ.

ಕೊನೆಗೂ ಕಂಪನಿ ಒಪ್ಪುತ್ತದೆ. ಆದರೆ ಬದಲಿಗೆ ಹೊಸ ಕೆಲಸ ಕೊಡುತ್ತದೆ. ಶೂನ್ಯದ ಪ್ರಮೇಯವನ್ನು ಸಾಧಿಸಬೇಕು. ಅಂದರೆ, ಇಡೀ ವಿಶ್ವ ಒಂದು ದಿನ ಕುಸಿದು ಚುಕ್ಕೆಯಾಗಿ ಶೂನ್ಯಕ್ಕೆ ಸೇರುತ್ತದೆ, ಹಾಗಾಗಿ ಯಾವುದಕ್ಕೂ ಅರ್ಥವಿಲ್ಲ ಅಂತ ಲೆಕ್ಕ ಹಾಕಿ ತೋರಿಸಬೇಕು. ತಮಾಷೆ ನೋಡಿ. ಬದುಕಿಗೆ ಅರ್ಥ ಸಿಗಲಿ ಅಂತ ಕಾಯುವವನ ಕೈಯಲ್ಲೇ, ಅರ್ಥ ಇಲ್ಲ ಅಂತ ಸಾಬೀತು ಮಾಡಿಸುತ್ತಾರೆ. ಪರದೆಯ ಮೇಲೆ ಒಂದು ಪಟ್ಟಣದಷ್ಟು ದೊಡ್ಡ ಕಟ್ಟಡ. ಅದರ ಒಂದೊಂದು ಇಟ್ಟಿಗೆಯೂ ಒಂದು ಸೂತ್ರ. ಕೊಹೆನ್ ಅದನ್ನು ಎತ್ತಿ, ತಿರುಗಿಸಿ, ಸಂದಿಗೆ ಕೂರಿಸುತ್ತಾನೆ. ಕೂತಿತು ಅಂದುಕೊಳ್ಳುವಷ್ಟರಲ್ಲಿ ಪಕ್ಕದ್ದು ಸಡಿಲವಾಗಿ ಗೋಡೆಗೆ ಗೋಡೆಯೇ ಉರುಳುತ್ತದೆ. ಶೂನ್ಯವು ನೂರಕ್ಕೆ ನೂರು ಆಗಲೇಬೇಕು ಅಂತ ಕಂಪ್ಯೂಟರು ಅವನನ್ನು ಬೆನ್ನು ಹತ್ತಿ ಕಾಡುತ್ತದೆ.

ಇಲ್ಲಿ ಒಂದು ಮಾತು. ವಿಶ್ವ ಕುಸಿಯುತ್ತದೆ ಅನ್ನೋದು ಒಂದು ಕಾಲಕ್ಕೆ ವಿಜ್ಞಾನಿಗಳು ಗಂಭೀರವಾಗಿ ಚರ್ಚಿಸುತ್ತಿದ್ದ ಸಾಧ್ಯತೆ. ಆದರೆ 1998ರಲ್ಲಿ ದೂರದ ಸೂಪರ್‌ನೋವಾಗಳನ್ನು, ಅಂದರೆ ಸಿಡಿಯುವ ನಕ್ಷತ್ರಗಳನ್ನು, ಅಳೆದು ನೋಡಿದಾಗ, ವಿಶ್ವ ಹಿಗ್ಗುವ ವೇಗ ಇನ್ನೂ ಜಾಸ್ತಿಯಾಗುತ್ತಿದೆ ಅಂತ ಗೊತ್ತಾಯಿತು. 2011ರ ಭೌತಶಾಸ್ತ್ರದ ನೊಬೆಲ್ ಅದಕ್ಕೇ ಬಂದದ್ದು. ಸಿನಿಮಾ ತಯಾರಾಗುವ ಹೊತ್ತಿಗೆ ಗಾಳಿ ಪ್ರಮೇಯದ ವಿರುದ್ಧ ಬೀಸುತ್ತಿತ್ತು. ಮ್ಯಾನ್‌ಕಾಮ್‌ಗೆ ಅದರ ಗೊಡವೆಯೇ ಇಲ್ಲ. ಕಂಪನಿಯ ಧಣಿಯನ್ನು ಎಲ್ಲರೂ ‘ಮ್ಯಾನೇಜ್ಮೆಂಟ್’ ಅಂತಲೇ ಕರೆಯುತ್ತಾರೆ. ಮ್ಯಾಟ್ ಡೇಮನ್ ಮಾಡಿರುವ ಪಾತ್ರ. ಅವನ ಸೂಟಿನ ಬಟ್ಟೆ ಹಿಂದಿನ ಪರದೆಯ ಬಟ್ಟೆಗೋ ಕುರ್ಚಿಯ ಬಟ್ಟೆಗೋ ಹೊಂದುವಂತೆ ಇರುತ್ತದೆ. ಎದುರಿಗೇ ಇದ್ದರೂ ಥಟ್ಟನೆ ಕಣ್ಣಿಗೆ ಬೀಳೋದಿಲ್ಲ. ಯಜಮಾನಿಕೆಯನ್ನು ಬರೀ ಬಟ್ಟೆಯಲ್ಲಿ ತೋರಿಸಿದ ಜಾಣತನ ಇದು. ಯಾಕೆ ಈ ಪ್ರಮೇಯ ಅಂತ ಕೇಳಿದರೆ ಅವನ ಉತ್ತರ ವ್ಯಾಪಾರಿಯದು. ಎಲ್ಲೆಲ್ಲೂ ಗೊಂದಲ ಇದ್ದರೆ, ಅದನ್ನು ಸರಿಪಡಿಸುವವನಿಗೆ ದುಡ್ಡು.

ಈ ಸಿನಿಮಾದ ಕೆಟ್ಟ ಭವಿಷ್ಯ ಬೂದು ಬಣ್ಣದ್ದಲ್ಲ. ಬೀದಿ ತುಂಬ ಗಾಢ ಬಣ್ಣ. ಜಾಹೀರಾತುಗಳು ನಿಮ್ಮ ಹಿಂದೆಯೇ ಮಾತಾಡಿಕೊಂಡು ಬರುತ್ತವೆ. ಉದ್ಧಾರಕ ಬ್ಯಾಟ್‌ಮನ್‌ನ ಚರ್ಚಿಗೆ ಬನ್ನಿ ಅಂತಲೂ ಒಂದು ಜಾಹೀರಾತು ಇದೆ. ಪಾರ್ಟಿಯಲ್ಲಿ ಒಬ್ಬೊಬ್ಬರೂ ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ತಮ್ಮ ತಮ್ಮ ಹಾಡಿಗೆ ಕುಣಿಯುತ್ತಾರೆ. ಮನಸ್ಸು ಸರಿ ಇಲ್ಲ ಅಂದರೆ ಒಂದು ತಂತ್ರಾಂಶವೇ ಮನೋವೈದ್ಯೆ. ಟಿಲ್ಡಾ ಸ್ವಿಂಟನ್ ಅದಾಗಿ ಪರದೆಯ ಮೇಲೆ ಬಂದು ಸಲಹೆ ಕೊಡುತ್ತಾರೆ, ಒಂದು ಕಡೆ ರ‍್ಯಾಪ್ ಹಾಡನ್ನೂ ಹಾಡುತ್ತಾರೆ. ಆಗ ನಗೆಯಾಡಿದ್ದ ಸಂಗತಿ, ಈಗ ಅರ್ಧ ರಾತ್ರಿಯಲ್ಲಿ ಜನ ನಿಜಕ್ಕೂ ಮಾಡುವ ಕೆಲಸ, ಅಲ್ವಾ? ಇಷ್ಟೆಲ್ಲ ಕಟ್ಟಿದ್ದು ರೊಮೇನಿಯಾದ ಬುಕಾರೆಸ್ಟ್‌ನಲ್ಲಿ. ಹಾಲಿವುಡ್ ಲೆಕ್ಕದಲ್ಲಿ ಚಿಲ್ಲರೆ ದುಡ್ಡು. ಅಗ್ಗದ ಬಟ್ಟೆ, ಪ್ಲಾಸ್ಟಿಕ್ಕಿನ ಹೊಳಪು ತೆರೆಯ ಮೇಲೆ ಕಾಣುತ್ತದೆ. ಕಂಡರೆ ಏನಂತೆ? ಆ ಲೋಕವೇ ಅಗ್ಗದ ಹೊಳಪಿನದು.

ಸಾಮಾನ್ಯವಾಗಿ ಇದನ್ನು ಅರ್ಥ ಹುಡುಕುವವನ ಕಥೆ ಅನ್ನುತ್ತಾರೆ. ನನಗೆ ಹಾಗೆ ಕಾಣೋದಿಲ್ಲ. ಕೊಹೆನ್ ಹುಡುಕೋದೇ ಇಲ್ಲ. ಕೂತಲ್ಲೇ ಕೂತು ಕಾಯುತ್ತಾನೆ. ಅಷ್ಟರಲ್ಲಿ ಕರೆ ಬಂದೂ ಹೋಗುತ್ತದೆ. ಫೋನಿನಲ್ಲಲ್ಲ, ಚರ್ಚಿನ ಬಾಗಿಲಿಗೆ.

ಮೊದಲು ಬೇನ್ಸ್ಲಿ ಬರುತ್ತಾಳೆ. ಇವನ ಮನಸ್ಸು ಕೆಲಸದಲ್ಲಿ ನಿಲ್ಲಲಿ ಅಂತ ಕಂಪನಿಯೇ ದುಡ್ಡು ಕೊಟ್ಟು ಕಳಿಸಿದ ಹುಡುಗಿ. ಆಮೇಲೆ ಬಾಬ್, ಧಣಿಯ ಮಗ, ಹದಿಹರೆಯದ ಜಾಣ. ಹೆಸರು ನೆನಪಿಡೋದು ಮೆದುಳಿಗೆ ದಂಡ ಅಂತ ಎಲ್ಲರನ್ನೂ ಬಾಬ್ ಅಂತಲೇ ಕರೆಯುತ್ತಾನೆ. ಲೂಕಸ್ ಹೆಜಸ್ ಆಗಿನ್ನೂ ಹುಡುಗ, ಚೆನ್ನಾಗಿ ಮಾಡಿದ್ದಾನೆ. ಆ ಬಾಬ್‌ಗೆ ಮೈ ಸುಡುವ ಜ್ವರ ಬರುತ್ತದೆ. ಯಾರನ್ನೂ ಮುಟ್ಟಿಸಿಕೊಳ್ಳದ ಕೊಹೆನ್ ಅವನನ್ನು ತೊಟ್ಟಿಯ ನೀರಿನಲ್ಲಿ ಮಲಗಿಸಿ ಆರೈಕೆ ಮಾಡುತ್ತಾನೆ. ಆ ಹೊತ್ತಿನಲ್ಲಿ ಅವನಿಗೆ ಫೋನಿನ ಧ್ಯಾನವಿಲ್ಲ, ಪ್ರಮೇಯದ ಧ್ಯಾನವೂ ಇಲ್ಲ. ಇಡೀ ಸಿನಿಮಾದಲ್ಲಿ ನನಗೆ ಹಿಡಿಸಿದ ದೃಶ್ಯ ಇದೇ. ನಿರ್ದೇಶಕರು ಅಲ್ಲಿ ಹೆಚ್ಚು ಹೊತ್ತು ನಿಲ್ಲದೆ ಮುಂದಕ್ಕೆ ಓಡಿಬಿಡುತ್ತಾರೆ. ಕಂಪನಿಯ ಆಳುಗಳು ಬಂದು ಹುಡುಗನನ್ನು ಕರೆದೊಯ್ಯುತ್ತಾರೆ.

ಬೇನ್ಸ್ಲಿ ಈ ಆಟ ಸಾಕಾಗಿ, ನನ್ನ ಜೊತೆ ಬಂದುಬಿಡು ಅಂತ ಕರೆಯುತ್ತಾಳೆ. ಇವನು ಹೋಗೋದಿಲ್ಲ. ಹೋದರೆ ಫೋನ್ ಯಾರು ಎತ್ತುತ್ತಾರೆ?

ಬೇನ್ಸ್ಲಿಯ ಪಾತ್ರದ ಬಗ್ಗೆ ನನ್ನ ತಕರಾರು ಇದೆ. ಮೆಲಾನಿ ತಿಯರಿ ಪ್ರಾಮಾಣಿಕವಾಗಿ ನಟಿಸಿದ್ದಾರೆ. ಆದರೆ ಕಥೆ ಅವಳನ್ನು ಮೊದಲು ಮೋಹಿನಿ ಮಾಡುತ್ತದೆ, ಆಮೇಲೆ ಕಣ್ಣೀರಿನ ಹುಡುಗಿ ಮಾಡುತ್ತದೆ. ಅವಳಿಗೂ ಒಂದು ಬದುಕು ಇರಬಹುದು, ಅವಳೂ ಯಾವುದೋ ಕರೆಗೆ ಕಾದಿರಬಹುದು ಅಂತ ಕೇಳೋದೇ ಇಲ್ಲ. ನಡುವೆ ಅರ್ಧ ಗಂಟೆ ಸಿನಿಮಾ ಎಳೆಯುತ್ತದೆ ಕೂಡ. ವಿಮರ್ಶಕರಲ್ಲಿ ಅರ್ಧ ಜನ ಮೂಗು ಮುರಿದದ್ದರಲ್ಲಿ ಆಶ್ಚರ್ಯವಿಲ್ಲ.

ಕೊನೆಯ ಭಾಗ ಹೇಳದೆ ಮುಗಿಸಲಾರೆ. ಕಥೆ ಗೊತ್ತಾಗೋದು ಬೇಡ ಅನ್ನುವವರು ಒಂದು ನಿಮಿಷ ಕಿವಿ ಮುಚ್ಚಿಕೊಳ್ಳಿ. ಕರೆಗಾಗಿ ಕಾದೂ ಕಾದೂ ನೀನೇ ನಿನ್ನ ಬದುಕನ್ನು ಅರ್ಥವಿಲ್ಲದ್ದು ಮಾಡಿಕೊಂಡೆ ಅಂತ ಧಣಿ ಮುಖಕ್ಕೆ ಹೇಳುತ್ತಾನೆ. ಕೊಹೆನ್ ಎಲ್ಲವನ್ನೂ ನುಂಗುವ ಕಪ್ಪುಕುಳಿಗೆ ಬೀಳುತ್ತಾನೆ. ಮರುಗಳಿಗೆಯಲ್ಲಿ ಅವನಿರೋದು ಕಂಪ್ಯೂಟರ್ ಸೃಷ್ಟಿಸಿದ ಒಂದು ಕಡಲತೀರದಲ್ಲಿ. ಒಬ್ಬನೇ. ಸೂರ್ಯನನ್ನು ಚೆಂಡಿನ ಹಾಗೆ ಹಿಡಿದು ಆಡಿ ಕೆಳಗಿಳಿಸುತ್ತಾನೆ. ಇದು ಬಿಡುಗಡೆ ಅಂತ ಕೆಲವರು, ಸೋಲು ಅಂತ ಕೆಲವರು.

ಇದೇ ನಿರ್ದೇಶಕರ 1985ರ ‘ಬ್ರೆಜಿಲ್’ ಕೂಡ ಹೀಗೆಯೇ ಮುಗಿಯುತ್ತದೆ. ಟೈಪ್ ಯಂತ್ರಕ್ಕೆ ನೊಣ ಬಿದ್ದು ಒಂದು ಅಕ್ಷರ ತಪ್ಪಾಗಿ, ಯಾರದೋ ಬದಲು ಇನ್ಯಾರನ್ನೋ ಹಿಡಿದೊಯ್ಯುವ ಸಿನಿಮಾ ಅದು. ಅದರ ನಾಯಕನೂ ಕೊನೆಗೆ ತನ್ನ ತಲೆಯೊಳಗೇ ಓಡಿಹೋಗುತ್ತಾನೆ. ಯುನಿವರ್ಸಲ್ ಸ್ಟುಡಿಯೋ ಸುಖಾಂತ್ಯ ಬೇಕು ಅಂತ ಹಟ ಹಿಡಿದಾಗ, ನನ್ನ ಸಿನಿಮಾ ಯಾವಾಗ ಬಿಡುಗಡೆ ಮಾಡುತ್ತೀರಿ ಅಂತ ಗಿಲಿಯಂ ‘ವೆರೈಟಿ’ ಪತ್ರಿಕೆಯಲ್ಲಿ ಇಡೀ ಒಂದು ಪುಟದ ಜಾಹೀರಾತು ಹಾಕಿಸಿದ್ದರು. ಆದರೆ ಎರಡು ಕೊನೆಗಳೂ ಒಂದೇ ಅಲ್ಲ. ‘ಬ್ರೆಜಿಲ್’ನವನನ್ನು ಸರ್ಕಾರ ಕುರ್ಚಿಗೆ ಬಿಗಿದು ಹಿಂಸೆ ಕೊಟ್ಟಿತ್ತು, ಅವನಿಗೆ ಬೇರೆ ದಾರಿ ಇರಲಿಲ್ಲ. ಕೊಹೆನ್‌ನನ್ನು ಯಾರೂ ಕಟ್ಟಿಹಾಕಿರಲಿಲ್ಲ. ಕರೆಯೋರೂ ಬಂದಿದ್ದರು. ಅದಕ್ಕೇ ನನಗೆ ಕಡಲತೀರ ಸೋಲಾಗಿಯೇ ಕಾಣುತ್ತದೆ.

ನೋಡುವುದಾದರೆ ಮೊಬೈಲಿನಲ್ಲಿ ಬೇಡ, ಆದಷ್ಟು ದೊಡ್ಡ ಪರದೆಯಲ್ಲಿ ನೋಡಿ. ಒಂದು ಪಾರ್ಕಿನ ದೃಶ್ಯ ಬರುತ್ತದೆ. ಬೆಂಚಿನ ಹಿಂದೆ, ಇದು ಮಾಡಬಾರದು, ಅದು ಮಾಡಬಾರದು ಅಂತ ಫಲಕಗಳ ಗೋಡೆಯೇ ಇದೆ. ಅಲ್ಲಿ ಸಿನಿಮಾ ನಿಲ್ಲಿಸಿ, ಒಂದೊಂದೇ ನೋಡಿ. ನಗು ಗ್ಯಾರಂಟಿ.

ನಮಸ್ಕಾರ.