ಕೂತಲ್ಲೇ ಕುಣಿದ ವೆಂಕಟಲಕ್ಷಮ್ಮ

ಎಲ್ಲರಿಗೂ ನಮಸ್ಕಾರ. ಗೆಜ್ಜೆ ಕಟ್ಟಿಕೊಂಡು ನಿಂತಿರುವ ಮಕ್ಕಳೇ, ಸ್ವಲ್ಪ ಹೊತ್ತು ಕೂತುಕೊಳ್ಳಿ. ನಾನು ಹೇಳಬೇಕಾಗಿರುವುದು ಕೂತು ಮಾಡುವ ನಾಟ್ಯದ ವಿಷಯವನ್ನೇ.

ಮೈಸೂರಿನ ಭರತನಾಟ್ಯ ಕಲಾವಿದೆ ಕೆ. ವೆಂಕಟಲಕ್ಷಮ್ಮ ಹುಟ್ಟಿದ್ದು 1906ರಲ್ಲಿ, ಕಡೂರು ಕಡೆಯ ತಂಗಲಿ ತಾಂಡ್ಯದಲ್ಲಿ. ಲಂಬಾಣಿ ಮನೆಯ ಹುಡುಗಿ. ಅಜ್ಜ ಅಜ್ಜಿ ಮೈಸೂರಿಗೆ ಕರೆತಂದರು. ಎಂಟನೇ ವಯಸ್ಸಿಗೆ ಜಟ್ಟಿ ತಾಯಮ್ಮನವರ ಹತ್ತಿರ ನಾಟ್ಯದ ಪಾಠ ಶುರುವಾಯಿತು. ತಾಯಮ್ಮ ಅರಮನೆಯ ಪೈಲ್ವಾನರ ಮಗಳು, ಅದಕ್ಕೇ ಹೆಸರಿನ ಮುಂದೆ ಜಟ್ಟಿ.

ಅದು ಎಂಥ ಕಾಲ ಗೊತ್ತಾ? 1909ರಲ್ಲೇ ಮೈಸೂರು ಸರ್ಕಾರ ದೇವಸ್ಥಾನಗಳಲ್ಲಿ ದೇವದಾಸಿಯರ ಸೇವೆ ನಿಲ್ಲಿಸಿತ್ತು. ನಾಟ್ಯ ಅಂದರೆ ಎಷ್ಟೋ ಮನೆಗಳಲ್ಲಿ ಮುಖ ಸಿಂಡರಿಸುತ್ತಿದ್ದರು. ಅಂಥ ಹೊತ್ತಿನಲ್ಲಿ ಈ ಹುಡುಗಿ ಹೆಜ್ಜೆ ಕಲಿತಳು, 12ನೇ ವಯಸ್ಸಿಗೆ ರಂಗ ಏರಿದಳು. ಹೆಜ್ಜೆ ಮಾತ್ರ ಅಲ್ಲ. ದೇವೋತ್ತಮ ಜೋಯಿಸರಂಥ ವಿದ್ವಾಂಸರಲ್ಲಿ ಸಂಸ್ಕೃತ, ಬಿ. ದೇವೇಂದ್ರಪ್ಪನವರಲ್ಲಿ ಸಂಗೀತ. 1939ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಆಸ್ಥಾನ ವಿದುಷಿಯಾಗಿ ನೇಮಿಸಿದರು.

ನಾಟ್ಯ ಕಲಿಯುವವರಿಗೆ ಸಂಸ್ಕೃತ ಯಾಕೆ ಅಂತ ಮಕ್ಕಳು ಕೇಳುತ್ತಾರೆ. ಉತ್ತರ ವೆಂಕಟಲಕ್ಷಮ್ಮನವರ ಅಭಿನಯದಲ್ಲೇ ಇದೆ. ಮೈಸೂರು ಶೈಲಿಯ ಭರತನಾಟ್ಯದಲ್ಲಿ ಪದ, ಜಾವಳಿ ಅನ್ನುವ ಶೃಂಗಾರದ ಹಾಡುಗಳ ಜೊತೆ, ಅಮರುಶತಕ ಅನ್ನುವ ಸಂಸ್ಕೃತ ಪ್ರೇಮಕಾವ್ಯದ ಶ್ಲೋಕಗಳಿಗೂ ಅಭಿನಯ ಮಾಡುವ ಪದ್ಧತಿ ಇದೆ. ಶ್ಲೋಕಕ್ಕೆ ತಾಳದ ಆಸರೆಯೂ ಇರುವುದಿಲ್ಲ. ನೆಲದ ಮೇಲೆ ಕೂತು, ಕಣ್ಣು, ಹುಬ್ಬು, ಎರಡು ಕೈ, ಇಷ್ಟರಲ್ಲೇ ಎಲ್ಲ ಹೇಳಬೇಕು. ಈಗ ‘ಯಾಕೆ ಬರಲಿಲ್ಲ?’ ಅಂತ ಒಂದು ಸಾಲು ಅಂದುಕೊಳ್ಳಿ. ಒಮ್ಮೆ ಹಾಡಿದಾಗ ಅದು ಸಿಟ್ಟು. ಮತ್ತೆ ಹಾಡಿದಾಗ, ದಾರಿಯಲ್ಲಿ ಏನಾದರೂ ಆಯಿತೇನೋ ಅನ್ನುವ ದಿಗಿಲು. ಮೂರನೇ ಸಲ, ಅವನು ಎಲ್ಲಿದ್ದಾನೆ ಅನ್ನುವುದು ಅವಳಿಗೆ ಚೆನ್ನಾಗಿ ಗೊತ್ತು. ಸಾಲು ಅದೇ, ಹೆಂಗಸು ಅದೇ, ಮನಸ್ಸು ಬೇರೆ. ಸಾಲಿನ ಮಾತಿನ ಒಳಗೆ ಏನೇನಿದೆ ಅಂತ ತಿಳಿಯದವರಿಗೆ ಎರಡನೇ ಸಲಕ್ಕೇ ಸರಕು ಮುಗಿದುಹೋಗುತ್ತದೆ, ಅಲ್ವಾ?

ನನಗೆ ಈ ವಿದ್ಯೆಯೇ ಅವರ ಬದುಕಿನ ದೊಡ್ಡ ಆಸ್ತಿ ಅನಿಸುತ್ತದೆ. ಪ್ರಶಸ್ತಿಗಳು ಬಂದವು. 1964ರಲ್ಲಿ ಸಂಗೀತ ನಾಟಕ ಅಕಾಡೆಮಿ, 1992ರಲ್ಲಿ ಪದ್ಮಭೂಷಣ. ಆದರೆ ನಾನು ಜಾಸ್ತಿ ನೆನೆಯುವುದು 1965ನೇ ಇಸವಿಯನ್ನು. ಆ ವರ್ಷ ಮೈಸೂರು ವಿಶ್ವವಿದ್ಯಾಲಯದಲ್ಲಿ ನೃತ್ಯ ವಿಭಾಗ ಶುರುವಾದಾಗ ಅವರೇ ಅದರ ಮೊದಲ ರೀಡರ್, ಅಂದರೆ ಹಿರಿಯ ಅಧ್ಯಾಪಕಿ. ವಯಸ್ಸು ಅರವತ್ತರ ಹತ್ತಿರ. ಗುರುವಿನ ಮನೆಯಲ್ಲಿ ಎದುರು ಕೂತು ಕಲಿತ ವಿದ್ಯೆಯನ್ನು ಹಾಜರಿ ಪುಸ್ತಕ, ಪರೀಕ್ಷೆ ಇರುವ ತರಗತಿಗೆ ತಂದರು. ಒಂಬತ್ತು ವರ್ಷ ಕಲಿಸಿ 1974ರಲ್ಲಿ ನಿವೃತ್ತರಾದರು. ಮೂರು ವರ್ಷದ ನಂತರ ಅದೇ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟಿತು.

2002ರ ಜುಲೈಯಲ್ಲಿ ಅವರು ತೀರಿಕೊಂಡರು, ತೊಂಬತ್ತಾರು ವರ್ಷ ಬಾಳಿ. ಅವರಲ್ಲಿ ಕಲಿತ ಲಲಿತಾ ಶ್ರೀನಿವಾಸನ್ ಅವರಂಥವರು ಬೆಂಗಳೂರಿನಲ್ಲಿ ಮುಂದಿನ ತಲೆಮಾರಿಗೆ ಕಲಿಸಿದರು. ಜಟ್ಟಿ ತಾಯಮ್ಮನವರ ಹುಬ್ಬಿನ ಕುಣಿತ ಹೀಗೆ ನಮ್ಮ ತನಕ ಬಂದಿದೆ.

ಸರಿ ಮಕ್ಕಳೇ, ಈಗ ಆ ಒಂದು ಸಾಲನ್ನು ನಾನು ಮೂರು ಸಲ ಹಾಡುತ್ತೇನೆ. ಯಾರೂ ಏಳಬೇಡಿ. ಕೂತಲ್ಲೇ ಮಾಡಿ.