ತೀರ್ಪು ನಮ್ಮ ಕೈಗೆ ಕೊಡೋ ಫರ್ಹಾದಿ

ಒಬ್ಬ ಹೆಂಗಸು ಟೆಹ್ರಾನಿನ ಒಂದು ಮನೆಗೆ ಕೆಲಸಕ್ಕೆ ಬಂದಿದ್ದಾಳೆ. ಮರೆವಿನ ಕಾಯಿಲೆಯ ಒಬ್ಬ ಅಜ್ಜನನ್ನ ನೋಡ್ಕೊಬೇಕು. ಅಜ್ಜ ಬಟ್ಟೆಯಲ್ಲೇ ಒಂದ ಮಾಡ್ಕೊಂಡುಬಿಡ್ತಾರೆ. ಅವಳಿಗೆ ಮುಟ್ಟೋಕೆ ಭಯ. ಧರ್ಮದ ವಿಚಾರ ಬಲ್ಲವರಿಗೆ ಫೋನ್ ಮಾಡಿ, ಬಟ್ಟೆ ಬದಲಿಸಿದ್ರೆ ಪಾಪ ಬರುತ್ತಾ ಅಂತ ಕೇಳ್ತಾಳೆ. ಪಕ್ಕದಲ್ಲಿ ನಿಂತ ಪುಟ್ಟ ಮಗಳು ಮೆಲ್ಲಗೆ ಹೇಳುತ್ತೆ: ಅಪ್ಪಂಗೆ ನಾನು ಹೇಳಲ್ಲಮ್ಮ.

ಇರಾನಿನ ನಿರ್ದೇಶಕ ಅಸ್ಗರ್ ಫರ್ಹಾದಿಯವರ 2011ರ 'ಎ ಸೆಪರೇಷನ್' ಸಿನಿಮಾದ ಈ ದೃಶ್ಯ ನನ್ನ ಎದೆಯಲ್ಲಿ ಹಾಗೇ ಕೂತಿದೆ. ಬಡತನ, ನಂಬಿಕೆ, ಗಂಡನ ಹೆದರಿಕೆ ಎಲ್ಲವೂ ಒಂದು ಒದ್ದೆ ಪೈಜಾಮದ ಸುತ್ತ ಬಂದು ನಿಲ್ಲುತ್ತೆ. ಭಾಷಣ ಇಲ್ಲ, ಹಿನ್ನೆಲೆ ಸಂಗೀತದ ಒತ್ತಾಯ ಇಲ್ಲ.

ಫರ್ಹಾದಿ ಹುಟ್ಟಿದ್ದು 1972ರಲ್ಲಿ, ಇಸ್ಫಹಾನ್ ಪ್ರಾಂತ್ಯದಲ್ಲಿ. ಓದಿದ್ದು ರಂಗಭೂಮಿ. ರೇಡಿಯೋಗೆ, ಟಿವಿಗೆ ಬರೀತಾ ಬರೀತಾ 2003ರಲ್ಲಿ ಮೊದಲ ಸಿನಿಮಾ ಮಾಡಿದರು. ನಾಟಕದ ಆ ಓದು ಅವರ ಮಾತುಗಳಲ್ಲಿ ಕಾಣುತ್ತೆ: ಅಡುಗೆಮನೆಯಲ್ಲಿ ಶುರುವಾದ ಜಗಳ ಮೆಟ್ಟಿಲಿಗೆ ಬರುತ್ತೆ, ಮೆಟ್ಟಿಲಿಂದ ಕೋರ್ಟಿಗೆ ಹೋಗುತ್ತೆ. 2009ರ 'ಅಬೌಟ್ ಎಲ್ಲಿ'ಯಲ್ಲಿ ಕ್ಯಾಸ್ಪಿಯನ್ ಸಮುದ್ರದ ದಡಕ್ಕೆ ಪ್ರವಾಸ ಹೋದ ಸ್ನೇಹಿತರ ಗುಂಪಿನಿಂದ ಒಬ್ಬ ಹುಡುಗಿ ಕಾಣೆಯಾಗ್ತಾಳೆ. ಮರ್ಯಾದೆ ಉಳಿಸ್ಕೊಳ್ಳೋಕೆ ಹೇಳಿದ ಒಂದು ಸುಳ್ಳು ಇನ್ನೊಂದನ್ನ ಹೆರುತ್ತೆ.

ಎರಡು ಆಸ್ಕರ್ ಬಂದವು, 2012ರಲ್ಲಿ, 2017ರಲ್ಲಿ. ಎರಡನೇ ಸಲ, ಇರಾನಿನವರಿಗೂ ಹಾಕಿದ್ದ ಅಮೆರಿಕದ ಪ್ರವೇಶ ನಿಷೇಧವನ್ನ ಪ್ರತಿಭಟಿಸಿ ಅವರು ಸಮಾರಂಭಕ್ಕೇ ಹೋಗಲಿಲ್ಲ.

ಒಂದು ಮಾತು ಹೇಳಲೇಬೇಕು. ಸ್ಪೇನಿನಲ್ಲಿ ಮಾಡಿದ 'ಎವರಿಬಡಿ ನೋಸ್' ನನಗೆ ಒಗ್ಗಲಿಲ್ಲ. ಕಥೆಯ ಹೆಣಿಗೆ ಅದೇ, ಕೈಚಳಕವೂ ಅದೇ. ಆದ್ರೆ ಇರಾನಿನ ಅವರ ಸಿನಿಮಾಗಳಲ್ಲಿ ಪ್ರತಿ ಸುಳ್ಳಿಗೂ ಬೆಲೆ ಇದೆ. 'ಎ ಸೆಪರೇಷನ್'ನಲ್ಲಿ ಕೆಲಸದ ಆ ಹೆಂಗಸು, ತನ್ನ ಗರ್ಭ ಹೋಗಿದ್ದು ಮನೆಯ ಯಜಮಾನ ತಳ್ಳಿದ್ದಕ್ಕೇ ಅಂತ ಕುರಾನ್ ಮೇಲೆ ಆಣೆ ಮಾಡಿದ್ರೆ ಪರಿಹಾರದ ಹಣ ಸಿಗುತ್ತೆ, ಗಂಡನ ಸಾಲ ತೀರುತ್ತೆ. ಅವಳ ಮನಸ್ಸಿನಲ್ಲಿ ಅನುಮಾನ ಇದೆ, ಆಣೆ ಮಾಡಲ್ಲ. ಅಷ್ಟು ತೂಕದ ಗಳಿಗೆ ಸ್ಪೇನಿನ ಆ ಅಪಹರಣದ ಕಥೆಯಲ್ಲಿ ನನಗೆ ಒಂದೂ ಸಿಗಲಿಲ್ಲ.

ಅದಕ್ಕೇ 2021ರ 'ಎ ಹೀರೋ' ನೋಡಿದಾಗ ನನಗೆ ಜೀವ ಬಂದಂಗಾಯ್ತು. ಈಗ ಊರು ಇರಾನಿನದೇ ಶೀರಾಜ್. ಸಾಲ ತೀರಿಸಲಾರದೆ ಜೈಲು ಸೇರಿದ ರಹೀಮ್ ಎರಡು ದಿನದ ರಜೆ ಮೇಲೆ ಹೊರಗೆ ಬಂದಿದ್ದಾನೆ. ಅವನು ಮದುವೆಯಾಗಬೇಕಾದ ಹೆಣ್ಣಿಗೆ ಚಿನ್ನದ ನಾಣ್ಯಗಳ ಚೀಲ ಸಿಕ್ಕಿದೆ. ಮಾರೋಕೆ ಹೋಗಿ, ಕೊನೆಗೆ ಚೀಲ ವಾಪಸ್ ಕೊಡ್ತಾರೆ. ಸಿಕ್ಕಿದ್ದು ನನಗೇ ಅಂತ ಇವನು ಅಂದುಬಿಡ್ತಾನೆ, ಅಷ್ಟೇ. ಆ ಒಂದು ಸುಳ್ಳಿನಿಂದ ಟಿವಿ ಹೊಗಳಿದ ಮನುಷ್ಯ ಕೆಲವೇ ದಿನದಲ್ಲಿ ಕಳ್ಳನ ಥರ ಕಾಣ್ತಾನೆ.

ಇವನ ಮಗನಿಗೆ ಮಾತು ತೊದಲುತ್ತೆ. ಜೈಲಿನ ಅಧಿಕಾರಿ ಆ ಮಗುವನ್ನ ಕ್ಯಾಮೆರಾ ಮುಂದೆ ಕೂರಿಸ್ತಾನೆ, ಅಪ್ಪನ ಪರವಾಗಿ ಮಾತಾಡು ಅಂತ. ಒಂದೊಂದು ಪದಕ್ಕೂ ಹುಡುಗ ಒದ್ದಾಡ್ತಾನೆ. ಆ ವಿಡಿಯೋ ಹೊರಗೆ ಬಿಟ್ಟರೆ ಜನ ಕರಗ್ತಾರೆ ಅನ್ನೋದು ಎಲ್ಲರಿಗೂ ಗೊತ್ತು. ರಹೀಮ್ ಬೇಡ ಅಂತಾನೆ, ಅಳಿಸಿ ಅಂತ ಜಗಳಕ್ಕೇ ನಿಲ್ತಾನೆ. ಆಮೇಲೆ ತಲೆ ಬೋಳಿಸ್ಕೊಂಡು, ತನ್ನ ಕಾಲ ಮೇಲೆ ನಡ್ಕೊಂಡು ಜೈಲಿಗೆ ಹೋಗ್ತಾನೆ.