ಒಂದೇ ತಾಯಿಯ ಮಕ್ಕಳು, ಎರಡು ಅಂತಸ್ತು

ಕೇಳುಗರೇ, ನಮಸ್ಕಾರ.

ಒಂದು ಮನೆಯನ್ನು ಕಣ್ಣಮುಂದೆ ತಂದುಕೊಳ್ಳಿ. ಮೆಕ್ಸಿಕೊ ನಗರ, ಸುಮಾರು 1770. ಆಗ ಮೆಕ್ಸಿಕೊ ಸ್ಪೇನ್ ಅರಸರ ಆಳ್ವಿಕೆಯಲ್ಲಿತ್ತು. ಗಂಡ ಹೆಂಡತಿ ಇಬ್ಬರೂ ಸ್ಪೇನ್‌ನವರು. ದೊಡ್ಡ ಮಗ ಸ್ಪೇನ್‌ನ ಸೆವಿಲ್‌ನಲ್ಲಿ ಹುಟ್ಟಿದ. ಅವನನ್ನು ಎತ್ತಿಕೊಂಡೇ ಹಡಗು ಹತ್ತಿದರು. ಚಿಕ್ಕವನು ಹುಟ್ಟಿದ್ದು ಮೆಕ್ಸಿಕೊದಲ್ಲಿ. ಇಬ್ಬರೂ ಒಂದೇ ಮಡಿಲಲ್ಲಿ ಬೆಳೆದವರು. ಆದರೆ ದೊಡ್ಡವನು ಪೆನಿನ್ಸುಲಾರ್, ಅಂದರೆ ಸ್ಪೇನ್ ನೆಲದಲ್ಲಿ ಹುಟ್ಟಿದವನು. ಚಿಕ್ಕವನು ಕ್ರಿಯೊಯೊ, ಅಂದರೆ ಅಮೆರಿಕ ಖಂಡದಲ್ಲಿ ಹುಟ್ಟಿದವನು. ಕಾನೂನಿನ ಪ್ರಕಾರ ಇಬ್ಬರೂ ಸ್ಪೇನಿಗರೇ. ದೊಡ್ಡ ಹುದ್ದೆ ಕೊಡುವ ಹೊತ್ತು ಬಂದಾಗ ಮಾತ್ರ ಹುಟ್ಟಿದ ಊರು ಯಾವುದು ಅಂತ ನೋಡುತ್ತಿದ್ದರು.

ಮೆಕ್ಸಿಕೊವನ್ನು ಆಳಿದ ವೈಸ್‌ರಾಯ್‌ಗಳಲ್ಲಿ ಅಮೆರಿಕದಲ್ಲಿ ಹುಟ್ಟಿದವರು ಬೆರಳೆಣಿಕೆಯಷ್ಟೇ. 1722ರಲ್ಲಿ ಅಧಿಕಾರಕ್ಕೆ ಬಂದ ಕಾಸಾಫುಯೆರ್ತೆ ಪೆರುವಿನ ಲಿಮಾದಲ್ಲಿ ಹುಟ್ಟಿದವನು. 1789ರಲ್ಲಿ ಬಂದ ರೆವಿಯಾಹಿಹೆದೊ ಕ್ಯೂಬಾದ ಹವಾನಾದಲ್ಲಿ ಹುಟ್ಟಿದವನು.

ಇದಕ್ಕೆ ಕೊಡುತ್ತಿದ್ದ ಕಾರಣ ಕೇಳಿದರೆ ಬೇಜಾರಾಗುತ್ತದೆ. ಅಮೆರಿಕದ ಬಿಸಿಲು, ಗಾಳಿ, ಅಲ್ಲಿನ ನಕ್ಷತ್ರಗಳು ಕೂಡ ಮಕ್ಕಳನ್ನು ಸೋಮಾರಿ ಮಾಡುತ್ತವಂತೆ. ಮನೆಗೆಲಸದ ಇಂಡಿಯನ್ (ಅಂದರೆ ಅಮೆರಿಕದ ಮೂಲನಿವಾಸಿ) ಅಥವಾ ಕಪ್ಪು ಹೆಂಗಸಿನ ಎದೆಹಾಲು ಕುಡಿದ ಮಗುವಿಗೆ ಅವಳ ಗುಣವೇ ಬರುತ್ತದಂತೆ. ತಮ್ಮ ಮಗುವನ್ನು ಸಾಕಿದ ತಾಯಂದಿರ ಬಗ್ಗೆ ಓದು ಬಲ್ಲವರೇ ಹೀಗೆ ಬರೆದರು.

ಮಠಗಳಲ್ಲೂ ಇದೇ ಜಗಳ. ಹಲವು ಕಡೆ ಮುಖ್ಯಸ್ಥನ ಸ್ಥಾನ ಒಂದು ಸಲ ಸ್ಪೇನ್‌ನಲ್ಲಿ ಹುಟ್ಟಿದವನಿಗೆ, ಮುಂದಿನ ಸಲ ಅಮೆರಿಕದಲ್ಲಿ ಹುಟ್ಟಿದವನಿಗೆ ಅಂತ ಪಾಳಿ ಹಾಕಬೇಕಾಯಿತು. ಅದನ್ನು 'ಆಲ್ತೆರ್ನಾತಿವಾ' ಅನ್ನುತ್ತಿದ್ದರು. ದೇವರ ಮುಂದೆ ಒಟ್ಟಿಗೆ ಮಂಡಿಯೂರುವವರ ನಡುವೆಯೂ ಪಾಳಿ ಬೇಕಾಯಿತಲ್ವಾ!

ಸ್ವಲ್ಪ ಕಾಲ ಕ್ರಿಯೊಯೊಗಳಿಗೆ ಒಂದು ದಾರಿ ಸಿಕ್ಕಿತ್ತು. ಬೊಕ್ಕಸ ಬರಿದಾದಾಗ ಅರಸರು ನ್ಯಾಯಾಧೀಶರ ಹುದ್ದೆಗಳನ್ನೇ ಮಾರಿದರು, ಇವರು ಕೊಂಡರು. 1750ರ ಹೊತ್ತಿಗೆ ಆ ಬಾಗಿಲು ಮುಚ್ಚಿತು. ಆಮೇಲೆ ಹೊಸೆ ದೆ ಗಾಲ್ವೆಸ್ ಎಂಬ ಮಂತ್ರಿ ಸ್ಪೇನ್‌ನವರನ್ನೇ ತಂದು ಕೂರಿಸಿದ. 1771ರಲ್ಲಿ ಮೆಕ್ಸಿಕೊ ನಗರಸಭೆ ಅರಸ ಮೂರನೇ ಕಾರ್ಲೊಸ್‌ಗೆ ಮನವಿ ಬರೆಯಿತು: ನಮ್ಮ ನೆಲದ ಹುದ್ದೆಗಳು ನಮಗೆ ಸಿಗಬೇಕು.

ಆ ನೋವು ನಿಜ. ಆದರೆ ಒಂದು ಮಾತು ಹೇಳಲೇಬೇಕು. ಗಣಿಯಲ್ಲಿ ಬೆವರು ಸುರಿಸಿದ ಇಂಡಿಯನ್ನರು, ಸರಪಳಿ ಹಾಕಿ ತಂದ ಆಫ್ರಿಕನ್ನರು ಕ್ರಿಯೊಯೊಗಳ ಆ ಮನವಿಯಲ್ಲಿ ಸಮಾನರಾಗಿರಲಿಲ್ಲ. ಮೇಲಿನ ಮೆಟ್ಟಿಲಿಗಾಗಿ ಅಳುತ್ತಿದ್ದವರು ಕೆಳಗಿನವರ ಹೆಗಲ ಮೇಲೆಯೇ ನಿಂತಿದ್ದರು.

ನಮ್ಮ ಕಾರವಾರದ ಪಕ್ಕದಲ್ಲೇ, ಗೋವಾದಲ್ಲಿ, ಪೋರ್ಚುಗೀಸರದ್ದೂ ಇದೇ ಲೆಕ್ಕ. ಪೋರ್ಚುಗಲ್‌ನಲ್ಲಿ ಹುಟ್ಟಿದವನು ರೈನೋಲ್. ಅದೇ ತಂದೆತಾಯಿಗೆ ಇಲ್ಲಿ ಹುಟ್ಟಿದವನು ಕಸ್ತಿಸೊ. ಬೆರಕೆ ಮನೆತನದವನು ಮೆಸ್ತಿಸೊ. ಕ್ರೈಸ್ತರಾದ ಗೋವಾದ ಜನ ಇವರೆಲ್ಲರಿಗಿಂತ ಕೆಳಗೆ. 1761ರಲ್ಲಿ ಲಿಸ್ಬನ್‌ನಿಂದ ಸಮಾನತೆಯ ಆಜ್ಞೆ ಬಂದರೂ ಚರ್ಚಿನ ದೊಡ್ಡ ಸ್ಥಾನಗಳು ಗೋವಾದ ಪಾದ್ರಿಗಳಿಗೆ ಸಿಗಲಿಲ್ಲ. 1787ರಲ್ಲಿ ಗೋವಾದಲ್ಲಿ ಪೋರ್ಚುಗೀಸ್ ಆಡಳಿತದ ವಿರುದ್ಧ ನಡೆದ ಪಿಂಟೊ ಪಿತೂರಿಯ ಹಿಂದೆ ಈ ಸಿಟ್ಟೂ ಇತ್ತು.

ಮೆಕ್ಸಿಕೊದಲ್ಲಿ ಸಿಟ್ಟು ಸಿಡಿದದ್ದು 1810ರಲ್ಲಿ. ಸೆಪ್ಟೆಂಬರ್ 16ರಂದು ದೊಲೊರೆಸ್ ಊರಲ್ಲಿ ಇದಾಲ್ಗೊ ಎಂಬ ಕ್ರಿಯೊಯೊ ಪಾದ್ರಿ ಜನರನ್ನು ಎಬ್ಬಿಸಿದರು. ಸ್ಪೇನ್‌ನವರನ್ನು ಜನ 'ಗಾಚುಪಿನ್' ಅಂತ ಹೀಯಾಳಿಸುತ್ತಿದ್ದರು. 1821ರಲ್ಲಿ ಸ್ವಾತಂತ್ರ್ಯ ಬಂತು. 1827ರ ಡಿಸೆಂಬರ್‌ನಲ್ಲಿ ಸ್ಪೇನಿಗರನ್ನು ಹೊರಹಾಕುವ ಕಾನೂನೂ ಬಂತು. ಅದರಲ್ಲಿ ಕೆಲವು ವಿನಾಯಿತಿಗಳಿದ್ದವು. ಮೆಕ್ಸಿಕೊದ ಹೆಣ್ಣನ್ನು ಮದುವೆಯಾಗಿ ಜೊತೆಗೆ ಬಾಳುತ್ತಿರುವವನು ಉಳಿಯಬಹುದು. ಸ್ಪೇನಿಗರಲ್ಲದ ಮಕ್ಕಳಿರುವವನೂ ಉಳಿಯಬಹುದು. ಯಾವ ನೆಲದಲ್ಲಿ ಹುಟ್ಟಿದ್ದಕ್ಕೆ ಮಗ ಕೀಳಾಗಿದ್ದನೋ, ಅದೇ ನೆಲದಲ್ಲಿ ಹುಟ್ಟಿದ ಮಗನ ಹೆಸರು ಹೇಳಿ ಈಗ ಅಪ್ಪ ಆ ಮನೆಯಲ್ಲಿ ಉಳಿದುಕೊಳ್ಳಬೇಕಾಗಿತ್ತು.

ನಮಸ್ಕಾರ.